ಏಕಾಂತವೂ ಒಂಟಿತನವೂ

(ಬೆಂಗಳೂರಿನ ಸದ್ಭಕ್ತರ ಸಮ್ಮುಖದಲ್ಲಿ ಶ್ರಾವಣ ಮಾಸದ ಒಂದು ಸಂಜೆ ನೀಡಿದ ಪ್ರವಚನದ ಬರಹರೂಪ)



ತಾವು ಇಂದು ಷಟ್‌ಸ್ಥಲದ ಮೇಲೋ ಯಾವುದಾದರೊಂದು ಉಪನಿಷತ್ತಿನ ಮೇಲೋ ನಾವು ಮಾತನಾಡುವೆವೆಂದು ಬಂದಿರಬಹುದು. ಅದೂ ನಡುವೆ ಬರುತ್ತದೆ. ಆದರೆ ಈ ಸಲ ಬೆಂಗಳೂರಿಗೆ ಬಂದಾಗಿನಿಂದ ಪಾದಪೂಜೆಯ ನಿಮಿತ್ತ ಹಲವು ಭಕ್ತರ ಮನೆಗಳಿಗೆ ಹೋಗಿ ಬಂದೆವು. ಅವುಗಳಲ್ಲಿ ಒಂದು ಮನೆಯೂ ನೆಲದ ಮೇಲಿರಲಿಲ್ಲ. ಒಂದು ಐದನೆಯ ಅಂತಸ್ತಿನಲ್ಲಿ, ಇನ್ನೊಂದು ಒಂಬತ್ತನೆಯದರಲ್ಲಿ, ಮತ್ತೊಂದು ಹನ್ನೊಂದರಲ್ಲಿ. ಎಲ್ಲ ಮನೆಗಳೂ ಸ್ವಚ್ಛ, ಎಲ್ಲ ಮನೆಗಳಲ್ಲೂ ಗಾಳಿ ಬೆಳಕು ಧಾರಾಳ. ಭಕ್ತಿಗೂ ಕೊರತೆಯಿರಲಿಲ್ಲ. ಆದರೂ ಪ್ರತಿಯೊಂದು ಮನೆಯಲ್ಲಿಯೂ ಯಾರೋ ಒಬ್ಬರು, ಎಲ್ಲರೂ ಎದ್ದು ಹೋದ ಮೇಲೆ, ಮೆಲ್ಲಗೆ ನಮ್ಮ ಹತ್ತಿರ ಬಂದು ಒಂದೇ ಮಾತನ್ನು ಬೇರೆ ಬೇರೆ ರೀತಿಯಲ್ಲಿ ಹೇಳಿದರು: ಇಲ್ಲಿ ಮಾತಾಡಲಿಕ್ಕೆ ಯಾರೂ ಇಲ್ಲ. ಆದುದರಿಂದ ಇದನ್ನೇ ಇಂದಿನ ವಿಷಯವಾಗಿ ಎತ್ತಿಕೊಂಡಿದ್ದೇವೆ.

ಅಪಾರ್ಟ್‌ಮೆಂಟ್ ಎಂಬ ಮಾತು ನಮ್ಮದಲ್ಲ. ಇಟಲಿ, ಫ್ರಾನ್ಸ್ ದೇಶಗಳ ಭಾಷೆಗಳಿಂದ ಇಂಗ್ಲಿಷಿಗೆ ಬಂದು ಅಲ್ಲಿಂದ ನಮ್ಮಲ್ಲಿಗೆ ಬಂದದ್ದು. ಮೂಲದಲ್ಲಿ ಅದಕ್ಕೆ ಬೇರ್ಪಡಿಸಿದ್ದು, ಪ್ರತ್ಯೇಕ ಮಾಡಿದ್ದು ಎಂದೇ ಅರ್ಥ. ಹೆಸರಿನಲ್ಲಿಯೇ ಬೇರ್ಪಡಿಕೆ ಇದೆ. ಆದರೆ ಒಂದು ಸ್ವಾರಸ್ಯವನ್ನು ನೋಡಿರಿ. ಇಂಥ ಮನೆಗಳ ಒಡೆತನಕ್ಕೆಂದು ನಮ್ಮ ನಾಡಿನಲ್ಲಿ 1972ರ ಕಾಯಿದೆಯೊಂದುಂಟು. ನಮ್ಮ ವಕೀಲ ಭಕ್ತರು ಅದನ್ನು ನಮಗೆ ಓದಿ ಹೇಳಿದರು. ಗೋಡೆಗಳ ಒಳಗಿನ ಮನೆ ಒಬ್ಬೊಬ್ಬರ ಸ್ವತ್ತು. ಕೆಳಗಿನ ನೆಲ, ಮೆಟ್ಟಿಲು, ಲಿಫ್ಟು, ಮೇಲಿನ ಚಾವಣಿ, ಅಂಗಳ, ಇವೆಲ್ಲ ಎಲ್ಲರಿಗೂ ಸೇರಿದ್ದು; ಅದರಲ್ಲಿ ಪ್ರತಿಯೊಬ್ಬರಿಗೂ ಅವಿಭಕ್ತವಾದ ಪಾಲು. ಅವಿಭಕ್ತ ಎಂದರೆ ಹಂಚಿಕೊಳ್ಳಲು ಬಾರದ್ದು. ಹಳ್ಳಿಯಲ್ಲಿ ಅಣ್ಣತಮ್ಮಂದಿರೇ ಹಿತ್ತಿಲನ್ನು ಗಜಕಡ್ಡಿ ಹಿಡಿದು ಹಂಚಿಕೊಳ್ಳುತ್ತಾರೆ. ಇಲ್ಲಿ ಹೆಸರು ಗೊತ್ತಿಲ್ಲದ ಇನ್ನೂರು ಮನೆತನಗಳು ಒಂದೇ ಹಿತ್ತಿಲಿನ ಪಾಲುದಾರರು! ಕಾಗದದ ಮೇಲೆ ಇದು ಅವಿಭಕ್ತ ಕುಟುಂಬ. ಲಿಫ್ಟಿನೊಳಗೆ ಮಾತ್ರ ಒಬ್ಬರ ಮುಖ ಒಬ್ಬರು ನೋಡದೆ ಅಂತಸ್ತಿನ ಅಂಕಿಗಳನ್ನು ನೋಡುತ್ತ ನಿಂತಿರುತ್ತಾರೆ.

ನಮ್ಮ ಪರಂಪರೆಯಲ್ಲಿ ಜಂಗಮನೆಂದರೆ ಚಲಿಸುವವನು. ಅವನು ಮನೆಮನೆಯ ಬಾಗಿಲಿಗೆ ಹೋಗಿ ನಿಲ್ಲುತ್ತಿದ್ದನು. ಭಿಕ್ಷೆ ಒಂದು ನೆಪ. ಯಾರ ಮನೆಯಲ್ಲಿ ಯಾರು ಹಾಸಿಗೆ ಹಿಡಿದಿದ್ದಾರೆ, ಯಾರ ಮನೆಯ ಒಲೆ ಎರಡು ದಿನದಿಂದ ಹೊತ್ತಿಲ್ಲ ಎಂಬುದು ಅವನಿಗೆ ತಿಳಿಯುತ್ತಿತ್ತು. ಮಠಕ್ಕೆ ಬಂದು ಹೇಳುತ್ತಿದ್ದನು. ಈಗ ಗೇಟಿನಲ್ಲಿ ಯಾವ ಬ್ಲಾಕು, ಯಾವ ನಂಬರು, ಫೋನಿನಲ್ಲಿ ಒಪ್ಪಿಗೆ ಬಂದಿದೆಯೇ ಎಂದು ಕೇಳುತ್ತಾರೆ. ಮೊನ್ನೆ ನಮ್ಮನ್ನೂ ನಿಲ್ಲಿಸಿ ಫೋಟೋ ತೆಗೆದುಕೊಂಡರು. ಜೊತೆಗಿದ್ದ ಭಕ್ತರಿಗೆ ಸಿಟ್ಟು ಬಂತು. ನಮಗೆ ಬರಲಿಲ್ಲ, ಆ ಹುಡುಗ ತನ್ನ ಕಾಯಕವನ್ನು ಮಾಡಿದ. ವಿಭೂತಿ ಹಚ್ಚಿದ ಮುಖ ಚೆನ್ನಾಗಿ ಬಂದಿದೆಯೆಂದು ನಮಗೆ ತೋರಿಸಿಯೂ ತೋರಿಸಿದ. ಅವನು ಒಡಿಶಾದವನಂತೆ. ಹನ್ನೆರಡು ತಾಸು ಅಲ್ಲಿ ಕುಳಿತು ಹೋಗುವವರನ್ನೂ ಬರುವವರನ್ನೂ ನೋಡುವುದೇ ಅವನ ಕೆಲಸ. ಅವನು ಎಲ್ಲರನ್ನೂ ಬಲ್ಲ. ಅವನ ಹೆಸರನ್ನು ನಾವು ಕೇಳಿದೆವು. ಜೊತೆಗಿದ್ದ ಮನೆಯ ಯಜಮಾನರಿಗೆ ಅದು ಅಂದೇ ತಿಳಿದದ್ದು.

ಗೇಟನ್ನು ದಾಟಿದರೆ ಬಾಗಿಲು. ಆ ಬಾಗಿಲಿಗೆ ಒಂದು ಸಣ್ಣ ಗಾಜಿನ ಕಣ್ಣು. ಒಳಗಿನವರಿಗೆ ಹೊರಗಿನವರು ಕಾಣುತ್ತಾರೆ, ಹೊರಗಿನವರಿಗೆ ಒಳಗಿನವರು ಕಾಣುವುದಿಲ್ಲ. ಹಳ್ಳಿಯ ಮನೆಯ ಮುಂದೆ ಜಗಲಿ ಇತ್ತು. ಜಗಲಿಯ ಎತ್ತರ ಎಷ್ಟು? ಕುಳಿತವನ ಮುಖ ಬೀದಿಯಲ್ಲಿ ಹೋಗುವವನ ಮುಖಕ್ಕೆ ಹೆಚ್ಚುಕಡಿಮೆ ಸಮನಾಗಿ ಬರುವಷ್ಟು. ಅವನು ಇವನನ್ನು ನೋಡುತ್ತಾನೆ, ಇವನು ಅವನನ್ನು ನೋಡುತ್ತಾನೆ, ಯಾವ ಕಡೆ ಹೊರಟಿರಿ ಎಂಬ ಮಾತು ತಾನಾಗಿಯೇ ಬರುತ್ತದೆ. ಹನ್ನೊಂದನೆಯ ಅಂತಸ್ತಿನ ಬಾಲ್ಕನಿಯಿಂದ ಮುಖ ಕಾಣುವುದಿಲ್ಲ, ನೆತ್ತಿ ಕಾಣುತ್ತದೆ. ನೆತ್ತಿಯನ್ನು ನೋಡಿ ಯಾರು ಯಾರನ್ನು ಮಾತಾಡಿಸಿಯಾರು?

ಹೀಗೆಂದು ಹಳ್ಳಿಯೆಲ್ಲ ಸ್ವರ್ಗ, ಪಟ್ಟಣವೆಲ್ಲ ನರಕ ಎಂದು ನಾವು ಹೇಳುತ್ತಿಲ್ಲ. ಜಗಲಿಯ ಕಣ್ಣು ಯಾವಾಗಲೂ ಕರುಣೆಯ ಕಣ್ಣಾಗಿರಲಿಲ್ಲ. ಗಂಡ ತೀರಿದ ಹೆಣ್ಣುಮಗಳು ಬೀದಿಗೆ ಬಂದರೆ ಆ ಕಣ್ಣು ಹೇಗೆ ನೋಡುತ್ತಿತ್ತು? ಜಾತಿಯಲ್ಲಿ ಕೀಳೆಂದು ಹಣೆಪಟ್ಟಿ ಹೊತ್ತವನು ಆ ಬೀದಿಯಲ್ಲಿ ಹೇಗೆ ನಡೆಯಬೇಕಾಗಿತ್ತು? ಒಬ್ಬ ಮಗಳು ನಮಗೆ ಹೇಳಿದಳು: ಬುದ್ಧೀ, ಇಲ್ಲಿ ಯಾರೂ ನನ್ನನ್ನು ಕೇಳುವುದಿಲ್ಲ, ಅದೇ ನನಗೆ ಉಸಿರು. ಆಕೆಯ ಮಾತು ಸತ್ಯ. ಕಲ್ಯಾಣವೂ ಒಂದು ಪಟ್ಟಣವೇ. ಅಲ್ಲಿಗೆ ಬಂದವರು ತಮ್ಮ ತಮ್ಮ ಊರಿನ ಕಣ್ಣುಗಳನ್ನು ಬಿಟ್ಟು ಬಂದವರೇ. ಮೋಳಿಗೆಯ ಮಾರಯ್ಯನವರು ಕಾಶ್ಮೀರದಿಂದ ಬಂದು ಕಟ್ಟಿಗೆ ಮಾರಿದರೆಂದು ಪರಂಪರೆ ಹೇಳುತ್ತದೆ. ಅಪರಿಚಿತರಿಂದಲೇ ತುಂಬಿದ ಊರು ಅದು. ಅಪರಿಚಿತರು ಇದ್ದದ್ದು ಅಲ್ಲಿ ದೋಷವಾಗಲಿಲ್ಲ.

ಈಗ ಶಾಸ್ತ್ರಕ್ಕೆ ಬರೋಣ. ಬೃಹದಾರಣ್ಯಕ ಉಪನಿಷತ್ತಿನ ಮೊದಲನೆಯ ಅಧ್ಯಾಯದ ನಾಲ್ಕನೆಯ ಬ್ರಾಹ್ಮಣದಲ್ಲಿ ಸೃಷ್ಟಿಯ ಪ್ರಸಂಗ ಬರುತ್ತದೆ. ಆದಿಯಲ್ಲಿ ಪುರುಷರೂಪದ ಆತ್ಮನೊಬ್ಬನೇ ಇದ್ದನು. ಅವನು ಮಾಡಿದ ಮೊದಲ ಕೆಲಸವೇನು ಬಲ್ಲಿರಾ? ಸುತ್ತ ನೋಡಿದನು! ನೋಡಿದರೆ ತನ್ನನ್ನು ಬಿಟ್ಟು ಬೇರೇನೂ ಇಲ್ಲ. ಅವನಿಗೆ ಭಯವಾಯಿತು. ಒಂಟಿಯಾದವನು ಇಂದಿಗೂ ಹೆದರುವುದು ಅದಕ್ಕಾಗಿಯೇ ಎನ್ನುತ್ತದೆ ಶ್ರುತಿ. ಆಮೇಲೆ ಅವನು ವಿಚಾರ ಮಾಡಿದನು: ನನ್ನ ಹೊರತು ಇನ್ನೊಬ್ಬನಿಲ್ಲವಲ್ಲ, ಹಾಗಾದರೆ ಯಾರಿಗೆ ಹೆದರಲಿ? ಭಯ ಹೋಯಿತು. ಇಲ್ಲಿಗೆ ಕಥೆ ಮುಗಿಯಬೇಕಾಗಿತ್ತಲ್ಲವೇ? ಮುಗಿಯಲಿಲ್ಲ. ಭಯ ಹೋದರೂ ಅವನಿಗೆ ಸಂತೋಷವಿರಲಿಲ್ಲ. ಒಂಟಿಗೆ ಸಂತೋಷವಿಲ್ಲ. ಆಗ ಅವನು ಎರಡನೆಯವರನ್ನು ಬಯಸಿದನು.

ಇದನ್ನು ಸ್ವಲ್ಪ ನಿಧಾನವಾಗಿ ಯೋಚಿಸಿರಿ. ಒಂಟಿತನದಲ್ಲಿ ಎರಡು ಸಂಕಟಗಳಿವೆ, ಭಯ ಒಂದು, ನೀರಸ ಒಂದು. ಮೊದಲನೆಯದು ವಿಚಾರದಿಂದ ಹೋಯಿತು. ಎರಡನೆಯದು ವಿಚಾರದಿಂದ ಹೋಗಲಿಲ್ಲ. ಅದಕ್ಕೆ ಇನ್ನೊಬ್ಬರೇ ಬೇಕಾಯಿತು. ಈ ನಗರದ ಕಟ್ಟಡಗಳು ಮೊದಲನೆಯ ಸಂಕಟಕ್ಕೆ ಬಹಳ ಖರ್ಚು ಮಾಡಿವೆ. ಗೇಟು ಇದೆ, ಕಾವಲಿದೆ, ಮೂಲೆಮೂಲೆಗೆ ಕ್ಯಾಮರಾ ಇದೆ. ಎರಡನೆಯದಕ್ಕೆ ಏನಿದೆ?

ಇದು ನಮ್ಮೊಬ್ಬರ ಕಳವಳವಲ್ಲ. ಇಂಗ್ಲೆಂಡಿನ ಸರ್ಕಾರ 2018ರಲ್ಲಿ ಒಂಟಿತನಕ್ಕೆಂದೇ ಒಬ್ಬ ಸಚಿವರನ್ನು ನೇಮಿಸಿತು. 2021ರಲ್ಲಿ ಜಪಾನೂ ನೇಮಿಸಿತು. ಆ ಜಪಾನಿನಲ್ಲಿ 2024ನೆಯ ಒಂದು ವರ್ಷದಲ್ಲಿ ಮನೆಯಲ್ಲಿ ಒಂಟಿಯಾಗಿಯೇ ತೀರಿಕೊಂಡವರು 76,000ಕ್ಕೂ ಹೆಚ್ಚು ಎಂದು ಅಲ್ಲಿನ ಪೊಲೀಸರೇ ಲೆಕ್ಕ ಕೊಟ್ಟಿದ್ದಾರೆ. ಅವರಲ್ಲಿ ನಾಲ್ವರಲ್ಲಿ ಮೂವರು 65 ದಾಟಿದವರು. ಅಮೆರಿಕದಲ್ಲಿ ಸರ್ಜನ್ ಜನರಲ್ ಆಗಿದ್ದ ವಿವೇಕ್ ಮೂರ್ತಿಯವರು ನಮ್ಮ ಮಂಡ್ಯ ಜಿಲ್ಲೆಯ ಹಲ್ಲೇಗೆರೆ ಮೂಲದ ಮನೆತನದವರು. ಅವರು 2023ರಲ್ಲಿ ತಮ್ಮ ದೇಶಕ್ಕೆ ಕೊಟ್ಟ ಎಚ್ಚರಿಕೆಯಲ್ಲಿ, ನಂಟು ಕಡಿದ ಬಾಳು ಆಯುಷ್ಯಕ್ಕೆ ಮಾಡುವ ಹಾನಿ ದಿನಕ್ಕೆ 15 ಸಿಗರೇಟು ಸೇದುವುದಕ್ಕೆ ಸಮವಾದೀತು ಎಂದರು. ವಿಶ್ವ ಆರೋಗ್ಯ ಸಂಸ್ಥೆಯ 2025ರ ವರದಿ ಲೋಕದಲ್ಲಿ ಆರು ಜನರಿಗೊಬ್ಬರು ಒಂಟಿತನದಿಂದ ನರಳುತ್ತಾರೆ ಎನ್ನುತ್ತದೆ. ವರ್ಷಕ್ಕೆ 8,71,000 ಸಾವುಗಳಿಗೆ ಇದರ ನಂಟಿದೆಯಂತೆ. ಮುದುಕರಿಗಿಂತ ಹದಿಹರೆಯದ ಮಕ್ಕಳಲ್ಲಿ ಇದು ಹೆಚ್ಚು ಎಂಬುದನ್ನು ಓದಿ ನಮಗೂ ಆಶ್ಚರ್ಯವಾಯಿತು. ಆಮೇಲೆ ಹೊಳೆಯಿತು. ಅವರ ಅಂಗೈಯಲ್ಲಿ ಏನಿದೆ? ಲಿಂಗವಿರಬೇಕಾದ ಅಂಗೈಯಲ್ಲಿ ಫೋನು ಕುಳಿತಿದೆ. ಅದೂ ಒಂದು ಕಿಟಕಿಯೇ. ಊರೆಲ್ಲದರ ಮನೆಯೊಳಗು ಅದರಲ್ಲಿ ಕಾಣುತ್ತದೆ. ಅದರ ವಿಚಾರ ಇನ್ನೊಂದು ದಿನಕ್ಕೆ ಇರಲಿ.

ಇಷ್ಟನ್ನು ಕೇಳಿ ಕೆಲವರು, ಸ್ವಾಮಿಗಳೇ, ನೀವೇ ಏಕಾಂತದಲ್ಲಿರಿ ಎಂದು ಬೋಧಿಸುತ್ತೀರಲ್ಲ ಎನ್ನಬಹುದು. ಹೌದು, ಬೋಧಿಸುತ್ತೇವೆ. ಏಕಾಂತ ಬೇರೆ, ಒಂಟಿತನ ಬೇರೆ. ಅಕ್ಕಮಹಾದೇವಿಯವರು ಉಡುತಡಿಯನ್ನು ಬಿಟ್ಟು ಕಲ್ಯಾಣಕ್ಕೆ ಒಬ್ಬರೇ ನಡೆದರು. ಅಲ್ಲಿಂದ ಶ್ರೀಶೈಲಕ್ಕೆ ಹೋದರು. ಅಕ್ಕನಿಗೆ ಜೊತೆಯಿಲ್ಲವೆಂದು ಯಾರು ಹೇಳಬಲ್ಲರು? ಹಾಗಿದ್ದರೂ ಆಕೆ ನೇರವಾಗಿ ಕದಳಿಗೆ ಹೋಗಲಿಲ್ಲ, ಮೊದಲು ಕಲ್ಯಾಣಕ್ಕೆ ಬಂದರು, ಶರಣರೊಡನೆ ಕುಳಿತು ಮಾತಾಡಿದರು. ಏಕಾಂತವನ್ನು ಆರಿಸಿಕೊಳ್ಳುವವನಿಗೆ ಮರಳಿ ಹೋಗಲು ಒಂದು ಬಳಗವಿರುತ್ತದೆ. ಮಗ ಸೊಸೆ ಬೆಳಿಗ್ಗೆ ಎಂಟಕ್ಕೆ ಹೋಗಿ ರಾತ್ರಿ ಒಂಬತ್ತಕ್ಕೆ ಬರುವ ಮನೆಯಲ್ಲಿ, ಭಾಷೆ ತಿಳಿಯದ ನೆರೆಯ ನಡುವೆ ಕುಳಿತ ತಾಯಿಗೆ, ಅಮ್ಮಾ, ಇದನ್ನೇ ಏಕಾಂತವೆಂದು ತಿಳಿದು ಜಪ ಮಾಡು ಎಂದು ಹೇಳುವುದು ಸುಲಭ. ಅಂಥ ಉಪದೇಶವನ್ನು ನಾವು ಕೊಡಲಾರೆವು.

ಹನ್ನೊಂದನೆಯ ಅಂತಸ್ತಿನ ಆ ಮನೆಯ ತಾಯಿ ಹಾವೇರಿ ಕಡೆಯವರು. ಯಜಮಾನರು ಲಿಂಗೈಕ್ಯರಾದ ಮೇಲೆ ಮಗ ಇಲ್ಲಿಗೆ ಕರೆತಂದಿದ್ದಾನೆ. ಒಳ್ಳೆಯ ಮಗ, ಒಳ್ಳೆಯ ಸೊಸೆ. ಆ ತಾಯಿ ನಮ್ಮನ್ನು ಕೇಳಿದ್ದು ಇದು: “ಅಜ್ಜಾರ, ಎರಡು ಹೊತ್ತು ಲಿಂಗಪೂಜಿ ಮಾಡ್ಕೋತೀನ್ರಿ. ಉಳಿದ ಹೊತ್ತೆಲ್ಲಾ ಕಿಟಕಿ ಮುಂದ ಕುಂತು ಮಂದಿ ಮನಿ ನೋಡ್ಕೋತ ಇರ್ತೀನ್ರಿ. ಇದು ಪಾಪ ಏನ್ರಿ?”

ಏನು ನೋಡುತ್ತೀರಿ ತಾಯಿ ಎಂದೆವು. ಎದುರಿನ ಕಟ್ಟಡದಲ್ಲಿ ಒಂದು ಮನೆ. ಅದರಲ್ಲಿ ಒಬ್ಬನೇ ಇರುವ ಒಬ್ಬ ಮನುಷ್ಯ, ನಡುವಯಸ್ಸಿನವ. ರಾತ್ರಿ ಬಂದು, ಅಡಿಗೆಮನೆಯ ದೀಪ ಹಾಕಿ, ನಿಂತುಕೊಂಡೇ ಉಣ್ಣುತ್ತಾನೆ. ಕುಳಿತು ಉಂಡದ್ದನ್ನು ಎರಡು ವರ್ಷದಲ್ಲಿ ಒಂದು ದಿನವೂ ಈ ತಾಯಿ ಕಂಡಿಲ್ಲ. ಒಂದು ಸಲ ಮೂರು ದಿನ ದೀಪ ಹತ್ತದಿದ್ದಾಗ ಇವರಿಗೆ ನಿದ್ದೆ ಬರಲಿಲ್ಲ. ನಾಲ್ಕನೆಯ ದಿನ ದೀಪ ಹತ್ತಿದಾಗ ದೇವರ ಮುಂದೆ ಒಂದು ಊದುಬತ್ತಿ ಹೆಚ್ಚು ಹಚ್ಚಿದರಂತೆ. ಅವನ ಹೆಸರು ಗೊತ್ತಿಲ್ಲ, ಊರು ಗೊತ್ತಿಲ್ಲ. ಕೆಳಗಿನ ಅಂಗಳದಲ್ಲಿ ಒಮ್ಮೆ ಎದುರಾಗಿದ್ದನು. ಇವರು ನೆಲ ನೋಡಿದರು, ಅವನು ಫೋನು ನೋಡಿದನು.

ಇದು ಪಾಪವೇ? ಮುಂಡಕೋಪನಿಷತ್ತಿನಲ್ಲಿ ಒಂದು ದೃಷ್ಟಾಂತವಿದೆ, ತಾವು ಅನೇಕರು ಕೇಳಿದ್ದೀರಿ. ಒಂದೇ ಮರದ ಮೇಲೆ ಎರಡು ಪಕ್ಷಿಗಳು. ಒಂದು ಹಣ್ಣನ್ನು ತಿನ್ನುತ್ತದೆ, ಇನ್ನೊಂದು ತಿನ್ನದೆ ನೋಡುತ್ತಿರುತ್ತದೆ. ತಿನ್ನುವುದು ಜೀವ, ನೋಡುವುದು ಸಾಕ್ಷಿ ಎಂದು ಆಚಾರ್ಯರು ಬಿಡಿಸಿ ಹೇಳುತ್ತಾರೆ. ಆದರೆ ಆ ಮಂತ್ರದಲ್ಲಿ ಆ ಪಕ್ಷಿಗಳಿಗೆ ಇನ್ನೊಂದು ವಿಶೇಷಣವಿದೆ. ಪಾಠ ಹೇಳುವಾಗ ಅದನ್ನು ಬೇಗ ದಾಟಿಹೋಗುತ್ತಾರೆ. ಅವೆರಡೂ ಸಖರು, ಕೂಡಿ ಇರುವವರು. ಪರಕೀಯನೊಬ್ಬ ಪರಕೀಯನನ್ನು ನೋಡುವ ನೋಟವಲ್ಲ ಅದು. ಸ್ನೇಹ ಮೊದಲಿದೆ, ನೋಟ ಆಮೇಲೆ. ವ್ಯಾಕರಣದಲ್ಲಿಯೂ ಪಾಣಿನಿ ಮಹರ್ಷಿಗಳು ಸಾಕ್ಷಾತ್ತಾಗಿ ನೋಡಿದವನಿಗೆ ಸಾಕ್ಷಿ ಎಂಬ ಹೆಸರನ್ನು ಹೇಳುತ್ತಾರೆ. ಆದರೆ ನಮ್ಮ ಪಂಚಾಯಿತಿಕಟ್ಟೆಯಲ್ಲಿ ಸಾಕ್ಷಿ ಎಂದು ಯಾರನ್ನು ಕರೆಯುತ್ತಿದ್ದರು? ನೋಡಿ, ಬಂದು, ನಾಲ್ಕು ಜನರ ಮುಂದೆ ನಿಂತು ಹೇಳಿದವನನ್ನು. ನೋಡಿ ಮನೆಯಲ್ಲಿಯೇ ಕುಳಿತವನನ್ನಲ್ಲ.

ಶೂನ್ಯಸಂಪಾದನೆಯಲ್ಲಿ ಬರುವ ಮರುಳಶಂಕರದೇವರ ಪ್ರಸಂಗವನ್ನು ನೆನೆಯಿರಿ. ಬಸವಣ್ಣನವರ ಮಹಾಮನೆಯಲ್ಲಿ ದಿನವೂ ಸಾವಿರಾರು ಜಂಗಮರಿಗೆ ದಾಸೋಹ. ಅಂಥ ಗದ್ದಲದ ನಡುವೆ, ದೂರದೇಶದಿಂದ ಬಂದ ಒಬ್ಬ ಶರಣರು ಪ್ರಸಾದಕುಂಡದ ಬಳಿ ಹನ್ನೆರಡು ವರುಷ ಇದ್ದರು. ಯಾರೂ ಅವರನ್ನು ಗುರುತಿಸಲಿಲ್ಲ! ಅಲ್ಲಿ ಯಾರಿಗೆ ಕಣ್ಣಿರಲಿಲ್ಲ? ದಿನವೂ ಎಷ್ಟು ಜನ ಅವರನ್ನು ದಾಟಿ ಹೋಗಿರಬೇಕು! ಅಲ್ಲಮಪ್ರಭುಗಳು ಬಂದು, ಕಂಡು, ಇಂಥವರಿದ್ದಾರೆ ಎಂದು ತೋರಿಸಬೇಕಾಯಿತು. ಬಸವಣ್ಣನವರು ಮನಸ್ಸಿನಲ್ಲಿ ಬಹಳ ನೊಂದುಕೊಂಡರು. ಮಹಾಮನೆಯಲ್ಲಿಯೇ ಹೀಗಾಗಿದ್ದರೆ ಇನ್ನೂರು ಮನೆಗಳ ಕಟ್ಟಡದ ಪಾಡೇನು? ಪ್ರಭುಗಳು ಮಾಡಿದ್ದು ದೊಡ್ಡ ಪವಾಡವಲ್ಲ. ಹೋದರು, ನಿಂತರು, ಮಾತಾಡಿಸಿದರು.

ಆದ್ದರಿಂದ ಆ ತಾಯಿಗೆ ನಾವು ಹೇಳಿದೆವು: ತಾಯಿ, ಎರಡು ವರ್ಷದಿಂದ ಒಬ್ಬನ ಊಟದ ಚಿಂತೆ ಮಾಡುತ್ತ ಬಂದಿದ್ದೀರಿ. ಇದು ಪಾಪವಾದರೆ ದಾಸೋಹವೂ ಪಾಪ. ಕಣ್ಣು ತನ್ನ ಕೆಲಸ ಮಾಡಿದೆ. ಕಾಲು, ಬಾಯಿ ಇನ್ನೂ ಮಾಡಿಲ್ಲ. ಆಗ ಆ ತಾಯಿ ನಕ್ಕು, ಕಾಲು ಹೋಗಿ ಬಂದೈತ್ರಿ ಎಂದರು. ನಡೆದದ್ದನ್ನು ಕೇಳಿರಿ.

ಸಂಕ್ರಾಂತಿಗೆ ಕುಸರೆಳ್ಳು ಮಾಡಿದ್ದರು. ಒಂದು ಡಬ್ಬಿಯಲ್ಲಿ ಹಾಕಿಕೊಂಡು, ಮೊಮ್ಮಗಳನ್ನು ಕರೆದುಕೊಂಡು ಎದುರಿನ ಕಟ್ಟಡಕ್ಕೆ ಹೋದರು. ಕಾವಲಿನವನು ಮನೆಯ ನಂಬರು ಕೇಳಿದ. ನಂಬರು ಯಾರಿಗೆ ಗೊತ್ತು? ಕೆಳಗಿನಿಂದ ಹತ್ತನೆಯದು, ಎಡಗಡೆಯಿಂದ ಮೂರನೆಯ ಕಿಟಕಿ ಎಂದರು. ಆ ಕಾವಲಿನವನು ಪುಣ್ಯವಂತ, ನಗಲಿಲ್ಲ. ಹೊರಗೆ ಬಂದು, ಕತ್ತೆತ್ತಿ ಎಣಿಸಿ, ನಂಬರು ಹುಡುಕಿ ಫೋನು ಮಾಡಿದ. ಮೇಲಿನಿಂದ, ಅಂಥವರು ಯಾರೂ ನನಗೆ ಗೊತ್ತಿಲ್ಲ, ಏನಿದ್ದರೂ ಗೇಟಿನಲ್ಲಿ ಇಟ್ಟುಹೋಗಲಿ ಎಂಬ ಉತ್ತರ ಬಂತು. ಇಟ್ಟು ಬಂದರು. ಎಂಟು ದಿನ ಸುದ್ದಿಯಿಲ್ಲ. ಒಂಬತ್ತನೆಯ ದಿನ ಡಬ್ಬಿ ಇವರ ಗೇಟಿಗೆ ಬಂತು. ತೊಳೆದಿತ್ತು. ಖಾಲಿ ಇತ್ತು.

ಆ ತಾಯಿಗೆ ನೋವಾದದ್ದು ಇಲ್ಲಿಯೇ. ಅವರು ಒಳಗೆ ಬಾ ಎನ್ನಲಿಲ್ಲವೆಂದಲ್ಲ, ಖಾಲಿ ಡಬ್ಬಿ ಕಳಿಸಿದರಲ್ಲ ಎಂದು! ನಮ್ಮ ಕಡೆ ಯಾರ ಮನೆಯ ಪಾತ್ರೆಯನ್ನೂ ಬರಿದಾಗಿ ಹಿಂದಿರುಗಿಸುವುದಿಲ್ಲ, ಏನೂ ಇಲ್ಲದಿದ್ದರೆ ನಾಲ್ಕು ಕಾಳು ಸಕ್ಕರೆಯನ್ನಾದರೂ ಹಾಕುತ್ತಾರೆ. ನಾವು ಹೇಳಿದೆವು: ತಾಯಿ, ಅವನಿಗೆ ಆ ಪದ್ಧತಿಯನ್ನು ಹೇಳಿಕೊಡುವವರು ಇಲ್ಲದೆ ಹೋಗಿರಬಹುದು. ತೊಳೆದು ಕಳಿಸಿದ್ದಾನಲ್ಲ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಹೌದ್ರಿ, ಚಲೋ ತಿಕ್ಕಿದ್ದ” ಎಂದರು. ಅಲ್ಲಿಂದೀಚೆಗೆ ಆ ಡಬ್ಬಿ ನಾಲ್ಕು ಸಲ ಹೋಗಿ ಬಂದಿದೆ. ಮೊನ್ನೆಯದರಲ್ಲಿ ಎರಡು ಬಾಳೆಹಣ್ಣು ಇದ್ದವಂತೆ. ಇನ್ನೂ ಇಬ್ಬರೂ ಒಂದು ಮಾತಾಡಿಲ್ಲ.

2020ರ ಮಾರ್ಚ್ 22ರ ಸಂಜೆ ಐದು ಗಂಟೆಗೆ ತಾವೆಲ್ಲ ಬಾಲ್ಕನಿಗೆ ಬಂದು ಚಪ್ಪಾಳೆ ತಟ್ಟಿದ್ದು, ತಟ್ಟೆ ಬಾರಿಸಿದ್ದು ನೆನಪಿದೆಯೇ? ಎದುರು ಮನೆಯವರ ಮುಖವನ್ನು ಅಂದೇ ಮೊದಲು ಸರಿಯಾಗಿ ನೋಡಿದೆವೆಂದು ಎಷ್ಟೋ ಭಕ್ತರು ನಮಗೆ ಹೇಳಿದ್ದಾರೆ. ರೋಗದ ಭಯ ಜನರನ್ನು ಬಾಲ್ಕನಿಗೆ ತಂದಿತು. ಆ ತಿಂಗಳುಗಳಲ್ಲಿ ಹಾಲು, ಔಷಧ ತಂದುಕೊಟ್ಟ ನೆರೆಯವರೂ ಇದ್ದರು. ರೋಗ ತಗ್ಗಿತು, ಬಾಗಿಲುಗಳು ಮತ್ತೆ ಮುಚ್ಚಿಕೊಂಡವು. ನೆರೆಯವರ ಫೋನ್ ನಂಬರು ಈಗಲೂ ತಮ್ಮಲ್ಲಿದ್ದರೆ ಇಂದು ರಾತ್ರಿ ಒಮ್ಮೆ ಮಾಡಿ ನೋಡಿರಿ.

ಈಗ ಕೆಲಸದ ಮಾತು. ತಂದೆತಾಯಿಗಳನ್ನು ಊರಿನಿಂದ ಕರೆತಂದಿರುವ ಮಕ್ಕಳು ಇಲ್ಲಿ ಬಹಳ ಜನ ಕುಳಿತಿದ್ದೀರಿ. ಕರೆತಂದದ್ದು ಒಳ್ಳೆಯದು. ಅವರಿಗೆ ಔಷಧ, ಟಿ.ವಿ., ಮೆತ್ತನೆಯ ಹಾಸಿಗೆ ಎಲ್ಲ ಕೊಟ್ಟಿದ್ದೀರಿ. ಅವರ ಕಾಲಿಗೆ ಹೋಗಲು ಒಂದು ಬಾಗಿಲನ್ನು ಮಾಡಿಕೊಡಿರಿ. ಪಕ್ಕದ ಮನೆಗೆ ನೀವೇ ಒಂದು ಸಲ ಜೊತೆಯಲ್ಲಿ ಹೋಗಿ, ಇವರು ನಮ್ಮ ತಾಯಿ, ಹಗಲು ಒಬ್ಬರೇ ಇರುತ್ತಾರೆ ಎಂದು ಹೇಳಿ ಬರಲು ಹತ್ತು ನಿಮಿಷ ಸಾಕು. ನಿಮಗೆ ಸಂಕೋಚವಾಗುತ್ತದೆ ಎಂದು ಬಲ್ಲೆವು. ನಿಮ್ಮ ತಾಯಿಗೆ ಅದಕ್ಕಿಂತ ಹೆಚ್ಚು ಸಂಕೋಚವಾಗುತ್ತದೆ, ಆಕೆಗೆ ಭಾಷೆಯೂ ಬಾರದು.

ಕಟ್ಟಡದ ಸಂಘಗಳಲ್ಲಿ ಅಧಿಕಾರದಲ್ಲಿರುವ ಭಕ್ತರೂ ಇದ್ದಾರೆ. ಕೆಳಗಿನ ಅಂಗಳದಲ್ಲಿ, ನಾಲ್ಕು ಜನ ಎದುರುಬದುರು ಕುಳಿತುಕೊಳ್ಳುವ ಹಾಗೆ ಒಂದು ಕಟ್ಟೆ ಹಾಕಿಸಿರಿ. ಈಗ ಇರುವ ಬೆಂಚುಗಳೆಲ್ಲ ಒಂದೇ ದಿಕ್ಕಿಗೆ ಮುಖ ಮಾಡಿ ನಿಂತಿವೆ, ಬಸ್ಸಿಗೆ ಕಾಯುವವರ ಹಾಗೆ. ಒಬ್ಬಂಟಿಯಾಗಿರುವ ಹಿರಿಯರು ಯಾವ ಯಾವ ಮನೆಯಲ್ಲಿದ್ದಾರೆ ಎಂಬುದು ನಿಮ್ಮ ಪುಸ್ತಕದಲ್ಲಿ ಇಲ್ಲದಿದ್ದರೂ ಕಾವಲಿನ ಹುಡುಗನಿಗೆ ಗೊತ್ತಿರುತ್ತದೆ, ಅವನನ್ನು ಕೇಳಿರಿ. ಹಿರಿಯರಿಗಾಗಿ ಸರ್ಕಾರದ 14567 ಎಂಬ ಸಹಾಯವಾಣಿಯೂ ಉಂಟು; ಆ ಅಂಕಿಯನ್ನು ಲಿಫ್ಟಿನ ಒಳಗೆ ದೊಡ್ಡದಾಗಿ ಬರೆಸಿರಿ. ಹೇಗೂ ಎಲ್ಲರೂ ಅಲ್ಲಿ ಅಂಕಿಗಳನ್ನೇ ನೋಡುತ್ತಿರುತ್ತಾರೆ.

ಶ್ರೀಮಠದಿಂದ ನಾವು ಮಾಡಬಹುದಾದದ್ದು ಇಷ್ಟು. ಬರುವ ಸೋಮವಾರದಿಂದ ನಮ್ಮ ಮರಿದೇವರಿಬ್ಬರು ಈ ಭಾಗದ ಮನೆಗಳಿಗೆ ಮಧ್ಯಾಹ್ನದ ಹೊತ್ತಿನಲ್ಲಿ ಭಿಕ್ಷಕ್ಕೆ ಬರುತ್ತಾರೆ. ಹಣ ಕೊಡಬೇಡಿರಿ, ಹಿಡಿ ಅಕ್ಕಿ ಸಾಕು. ಮನೆಯಲ್ಲಿರುವ ಹಿರಿಯರೊಡನೆ ಅರ್ಧ ತಾಸು ಕುಳಿತು ಮಾತಾಡಿ ಹೋಗುತ್ತಾರೆ. ಲಿಂಗಾಯತರ ಮನೆಯೇ ಆಗಬೇಕೆಂದಿಲ್ಲ. ಪಕ್ಕದ ಮನೆಯವರು ಬಾ ಎಂದರೆ ಅಲ್ಲಿಗೂ ಹೋಗುತ್ತಾರೆ. ಹೆಸರು, ಬ್ಲಾಕು, ಮನೆಯ ನಂಬರನ್ನು ಹೊರಗೆ ಕುಳಿತಿರುವ ಕಾರ್ಯದರ್ಶಿಗಳ ಹತ್ತಿರ ಬರೆಸಿರಿ. ಗೇಟಿನಲ್ಲಿ ಮುಂಚಿತವಾಗಿ ಹೇಳಿಡುವುದನ್ನು ಮಾತ್ರ ಮರೆಯಬೇಡಿರಿ. ಇಲ್ಲವಾದರೆ ಮರಿದೇವರ ಫೋಟೋ ಮಾತ್ರ ಒಳಗೆ ಬಂದೀತು, ಮರಿದೇವರು ಹೊರಗೇ ಉಳಿದಾರು.

ಪ್ರಸಾದ ಸಿದ್ಧವಾಗಿದೆ ಎಂದು ಹೇಳಿ ಕಳಿಸಿದ್ದಾರೆ. ಪಂಕ್ತಿಯಲ್ಲಿ ಗುರುತಿನವರ ಪಕ್ಕವನ್ನು ಬಿಟ್ಟು ಗುರುತಿಲ್ಲದವರ ಪಕ್ಕದಲ್ಲಿ ಕುಳಿತುಕೊಳ್ಳಿರಿ.